ಹಕ್ಕುಪತ್ರ ಬಂತು ಅಕ್ಕಾ

ಕಳಸ ಸೀಮೆಯ ನಮ್ಮ ಮಲೆಕುಡಿಯರ ಕಾಲೋನಿಗೆ ಅರಣ್ಯ ಹಕ್ಕುಪತ್ರ, ಅಂದರೆ ನಾವಿರುವ ಕಾಡಿನ ಜಾಗದ ಮೇಲೆ ನಮ್ಮ ಹಕ್ಕನ್ನು ಒಪ್ಪುವ ಸರ್ಕಾರಿ ಪತ್ರ, ಬಂದಿದೆ. ಅಲೆದಾಟದ ಕತೆ ನಿಮಗೆಲ್ಲ ಗೊತ್ತೇ ಇದೆ, ಮತ್ತೆ ಬರೆಯುವುದಿಲ್ಲ. ಅಳತೆಗೆ ಬಂದವರು, ಜೀಪು ಕೊಟ್ಟವರು, ಜೆರಾಕ್ಸ್ ಅಂಗಡಿಯವರು, ಸಂಬಳ ಹಿಡಿಯದೆ ರಜೆ ಕೊಟ್ಟ ತೋಟದ ರೈಟರು, ಎಲ್ಲರಿಗೂ ಕೈಮುಗಿದು ನಮಸ್ಕಾರ.

ಉಳಿದದ್ದೆಲ್ಲ ನಮ್ಮ ಪಂಚಾಯಿತಿ ಸದಸ್ಯೆ ಅಕ್ಕನಿಗೆ. ಪರಿಶಿಷ್ಟ ಪಂಗಡದ ಮಹಿಳಾ ಮೀಸಲು ಸ್ಥಾನದಿಂದ ಗೆದ್ದು ಬಂದಾಗ, ಇವರಿಂದ ಏನಾದೀತು ಅಂದವರಿದ್ದರು. ದ್ರೌಪದಿ ಮುರ್ಮು ಅವರೂ 1997ರಲ್ಲಿ ಒಡಿಶಾದ ರಾಯ್‌ರಂಗಪುರದಲ್ಲಿ ಕೌನ್ಸಿಲರ್ ಆಗಿಯೇ ರಾಜಕೀಯ ಶುರು ಮಾಡಿದ್ದು. ಅಕ್ಕ ಮೊದಲು ಬದಲಾಯಿಸಿದ್ದು ಗ್ರಾಮಸಭೆಯ ಹೊತ್ತನ್ನು. ಕಾಫಿ ಕೊಯ್ಲಿನ ದಿನಗಳಲ್ಲಿ ಹಗಲು ಸಭೆ ಕರೆದರೆ ಹೆಂಗಸರೆಲ್ಲ ತೋಟದಲ್ಲಿ. ಹಕ್ಕಿನ ಅರ್ಜಿಗಳ ಮೇಲೆ ನಿರ್ಣಯ ಮಾಡಲು ಗ್ರಾಮಸಭೆಯ ಅರ್ಧದಷ್ಟು ಜನ ಸೇರಬೇಕು, ಸೇರಿದವರಲ್ಲಿ ಮೂರನೇ ಒಂದು ಭಾಗ ಹೆಂಗಸರಿರಬೇಕು, ಅರ್ಜಿದಾರರಲ್ಲೂ ಅರ್ಧ ಜನ ಇರಬೇಕು. ಇಲ್ಲದಿದ್ದರೆ ಕೋರಂ ಇಲ್ಲ, ನಿರ್ಣಯ ನಿಲ್ಲುವುದಿಲ್ಲ. ಸಭೆ ಸಂಜೆ 7ಕ್ಕೆ, ಕಾಲೋನಿಯೊಳಗೇ ನಡೆಯಿತು. ಗಂಡಸಿನ ಹೆಸರಷ್ಟೇ ಬರೆದಿದ್ದ ಅರ್ಜಿಗಳಿಗೆ ಹೆಂಡತಿಯ ಹೆಸರನ್ನೂ ಸೇರಿಸಿದರು. ಹಕ್ಕುಪತ್ರ ಇಬ್ಬರ ಜಂಟಿ ಹೆಸರಲ್ಲೇ ಆಗಬೇಕೆಂಬುದು ಅರಣ್ಯ ಹಕ್ಕು ಕಾಯ್ದೆಯ ಮಾತು.

ಆಮೇಲೆ ಆ ಮಳೆಗಾಲದ ರಾತ್ರಿ. ಅರ್ಜಿಗಳು ತಿರಸ್ಕಾರವಾಗಿದ್ದವು, ಕಾರಣ, 75 ವರ್ಷದ ದಾಖಲೆ ಇಲ್ಲವಂತೆ. ಮೂರು ತಲೆಮಾರಿನ ಆ ಷರತ್ತು ‘ಇತರ ಪಾರಂಪರಿಕ ಅರಣ್ಯವಾಸಿಗಳಿಗೆ’, ಅಂದರೆ ಪರಿಶಿಷ್ಟ ಪಂಗಡಕ್ಕೆ ಸೇರದ ಕಾಡಿನ ಜನರಿಗೆ ಮಾತ್ರ. ಪರಿಶಿಷ್ಟ ಪಂಗಡದವರು 2005ರ ಡಿಸೆಂಬರ್ 13ಕ್ಕೆ ಮೊದಲಿನಿಂದ ಆ ಜಾಗದಲ್ಲಿದ್ದರೆ ಸಾಕು. ಜಿಲ್ಲಾ ಸಮಿತಿಗೆ ಮೇಲ್ಮನವಿ ಹಾಕಲು ಇರುವುದು 60 ದಿನ. ಪತ್ರ ಕೈಗೆ ಸಿಕ್ಕಾಗ ಅದರ ಮೇಲಿನ ತಾರೀಖಿಗೆ 58 ದಿನ ಆಗಿಹೋಗಿತ್ತು. ಪತ್ರ ಕೈಗೆ ಬಂದ ದಿನದಿಂದ ಲೆಕ್ಕ ಹಿಡಿಯಿರಿ ಎಂದು ವಾದಿಸಬಹುದಿತ್ತು. ವಾದಕ್ಕೆ ಬಿಡುವುದು ಬೇಡ, ನಾಳೆಯೇ ಹಾಕೋಣ ಅಂದರು ಅಕ್ಕ.

ಕರೆಂಟಿರಲಿಲ್ಲ. ಅಂಗನವಾಡಿಯಲ್ಲಿ ಚಾರ್ಜರ್ ಲೈಟಿನ ಮುಂದೆ ಒಂದೊಂದೇ ಕಡತ ಬಿಚ್ಚಿದರು. ಕಡತಕ್ಕೆ ಎರಡು ಸಾಕ್ಷ್ಯ ಬೇಕು: ಹಳೇ ರೇಷನ್ ಕಾರ್ಡ್, ಮತದಾರರ ಗುರುತಿನ ಚೀಟಿ, ಮನೆ ಕಂದಾಯದ ರಸೀದಿ. ಕಾಗದ ಇಲ್ಲದವರಿಗೆ ಬಾವಿ, ಸಮಾಧಿ, ದೈವದ ಕಲ್ಲು ತೋರಿಸಿ ಮಾಡಿದ ಮಹಜರು ಮತ್ತು ಹಿರಿಯರ ಲಿಖಿತ ಹೇಳಿಕೆ. ಎರಡು ಕಡತಗಳಲ್ಲಿ ಅರ್ಜಿದಾರರೇ ತಮಗೆ ತಾವು ಹೇಳಿಕೆ ಕೊಟ್ಟುಕೊಂಡಿದ್ದರು. ಅದು ನಡೆಯುವುದಿಲ್ಲ, ಬೇರೆ ಹಿರಿಯರದ್ದೇ ಆಗಬೇಕು. ಆ ಮಳೆಯಲ್ಲೇ ಕೊಡೆ ಹಿಡಿದು ಹೋಗಿ ಇಬ್ಬರು ಅಜ್ಜಂದಿರನ್ನು ಎಬ್ಬಿಸಿ, ಹೇಳಿಸಿ, ಬರೆದುಕೊಂಡು, ಓದಿ ಹೇಳಿ ಹೆಬ್ಬೆಟ್ಟು ಒತ್ತಿಸಿದರು.

ನಾಲ್ಕು ಮನೆಗಳಿಗೆ ಸಾಕ್ಷಿಯಾಗಿದ್ದ ಅಜ್ಜಿಯ ಹೇಳಿಕೆಯೂ ಆ ಕಡತಗಳಲ್ಲಿತ್ತು. ಅಜ್ಜಿ ತೀರಿಕೊಂಡು ಆಗ ತಿಂಗಳೂ ತುಂಬಿರಲಿಲ್ಲ. ಆ ಹಾಳೆ ಬಂದಾಗ ಅಕ್ಕ ಹೆಬ್ಬೆಟ್ಟಿನ ಗುರುತಿನ ಮೇಲೆ ಬೆರಳಿಟ್ಟು ಹಾಗೇ ಕೂತುಬಿಟ್ಟರು. ಕಣ್ಣೀರು ಕಾಗದದ ಮೇಲೆ ಬೀಳಬಾರದೆಂದು ಮುಖ ಆಚೆ ತಿರುಗಿಸಿದರು. ಇದನ್ನು ಬರೆಯುವಾಗ ನಮಗೂ ಕೈ ಓಡುತ್ತಿಲ್ಲ. ಆಮೇಲೆ ಸೆರಗಿನಲ್ಲಿ ಕಣ್ಣೊರೆಸಿಕೊಂಡು ಮುಂದಿನ ಕಡತ ಎತ್ತಿಕೊಂಡರು. ಬೆಳಗಿನ ಮೊದಲ ಬಸ್ಸಿಗೆ ಚಿಕ್ಕಮಗಳೂರಿಗೆ ಹೊರಟು, ಪ್ರತಿ ಅರ್ಜಿಗೂ ಬೇರೆ ಬೇರೆ ಸ್ವೀಕೃತಿ ಹಾಕಿಸಿಕೊಂಡೇ ವಾಪಸ್ ಬಂದದ್ದು.

ಅಕ್ಕಾ, ನಿಮಗೆ ಏನು ಕೊಟ್ಟರೂ ಕಡಿಮೆಯೇ.

ಹಕ್ಕುಪತ್ರದ ಜಮೀನು ಮಕ್ಕಳಿಗೆ ಬರುತ್ತದೆ, ಮಾರಲು ಬರುವುದಿಲ್ಲ. ಯಾರಾದರೂ ಮುಂಗಡ ಹಿಡಿದು ಬಂದರೆ ಮುಟ್ಟಬೇಡಿ. ಕಾಡಿನ ಸಮುದಾಯ ಹಕ್ಕಿನ ಅರ್ಜಿ ಇನ್ನೂ ಬಾಕಿ. ಭಾನುವಾರ ಸಂಜೆ 7ಕ್ಕೆ ಸಭೆ, ಅಕ್ಕ ಬರುತ್ತಾರೆ.