ಬಿಳಿ ಮತ್ತೆ ಬಿಳಿಯಾಯಿತು

ಎರಡನೆಯ ಕಣ್ಣಿನ ಕಟ್ಟು ಬಿಚ್ಚಿ ಇಂದಿಗೆ ಹದಿನೈದು ದಿನ. ಕೆನೆಬಣ್ಣವೆಂದು ನಾನು ನಂಬಿದ್ದ ನಮ್ಮ ಮನೆಯ ಗೋಡೆ ಅಚ್ಚ ಬಿಳಿಯಂತೆ! ಪೊರೆ ತೆಗೆದ ಡಾಕ್ಟರಿಗೆ, ಗಡಿಯಾರ ನೋಡಿಕೊಂಡು ಹನಿ ಹಾಕಿದ ಮಗಳಿಗೆ ಕೈಮುಗಿಯುತ್ತೇನೆ.

ಒಬ್ಬ ಮದುಮಗಳ ಋಣವೂ ಇದೆ. ಕಣ್ಣಿಗೆ ಪೊರೆ ಬಂದದ್ದು ತಿಳಿಯದೆ ನಾನು ಮಾಡಿಕೊಟ್ಟ ಕೊನೆಯ ಆಲ್ಬಮ್ ಅವಳದು. ಚಿತ್ರಗಳೆಲ್ಲ ಹಳದಿಯಾಗಿ ಕಂಡವು. ಸರಿಪಡಿಸಲು ಹೋಗಿ ನೀಲಿ ಸುರಿದೆ. ಧಾರೆಯ ಕೆಂಪು ಸೀರೆ ನೇರಳೆಯಾಯಿತು. ಮೂವತ್ತು ವರ್ಷ ಸ್ಟುಡಿಯೋ ನಡೆಸಿದವನಿಗೆ ಇದಕ್ಕಿಂತ ನಾಚಿಕೆ ಬೇಕೆ? "ಒಮ್ಮೆ ಕಣ್ಣು ತೋರಿಸಿಕೊಳ್ಳಿ ಅಂಕಲ್" ಎಂದಳೇ ಹೊರತು ಹಣ ವಾಪಸ್ ಕೇಳಲಿಲ್ಲ.

ಇನ್ನೊಬ್ಬರಿಗೆ ನನ್ನ ನಮಸ್ಕಾರ ತಲುಪುವುದಿಲ್ಲ. ಜಾಗ್ರೆಬ್‌ನಲ್ಲಿ 1926ರಲ್ಲಿ ಹುಟ್ಟಿ 2006ರಲ್ಲಿ ತೀರಿಕೊಂಡ ಕ್ರೊಯೇಷಿಯಾದ ಸಿನಿಮಾ ಛಾಯಾಗ್ರಾಹಕ ತೊಮಿಸ್ಲಾವ್ ಪಿಂಟರ್ ಅವರು. ಶಸ್ತ್ರಚಿಕಿತ್ಸೆಗೆ ಕಾಯುತ್ತಿದ್ದಾಗ ಬಣ್ಣ ಕಂಡರೆ ಸಂಕಟವಾಗುತ್ತಿತ್ತು. ಮಗಳು ಅವರ ಕಪ್ಪು-ಬಿಳುಪಿನ 'ತ್ರಿ' (1965) ಹಾಕಿ, ಸಬ್‌ಟೈಟಲ್ ಓದಿ ಹೇಳಿದಳು. ಯುದ್ಧಕಾಲದ ಮೂರು ಕಥೆಗಳು, ಮೂರರಲ್ಲೂ ಸಾವು. ಮಂಜುಗಣ್ಣಿಗೂ ಆ ಮುಖಗಳು ದಕ್ಕಿದವು. ಬಣ್ಣದಲ್ಲಿ ಈ ಮನುಷ್ಯ ಏನು ಮಾಡಿರಬಹುದು ಎಂಬ ಕುತೂಹಲವೇ ನನ್ನನ್ನು ಆಪರೇಷನ್ ಟೇಬಲ್ಲಿಗೆ ತಳ್ಳಿತು, ಸುಳ್ಳಲ್ಲ.

ಕಟ್ಟು ಬಿಚ್ಚಿದ ವಾರದಲ್ಲೇ 'ಬ್ರೆಜಾ' ನೋಡಿದೆ. ಆಂತೆ ಬಾಬಾಯಾ ನಿರ್ದೇಶನದ 1967ರ ಚಿತ್ರ. ಗಟ್ಟಿಮುಟ್ಟು ಹೆಂಗಸರ ಹಳ್ಳಿಯಲ್ಲಿ ಬರ್ಚ್ ಮರದಂತೆ ತೆಳ್ಳಗಿನ ಒಬ್ಬ ಹೆಣ್ಣು. ಶಾಲೆಯಲ್ಲಿ ಕಲಿಯದೆ ತಾವೇ ಬಿಡಿಸುವ ಹಳ್ಳಿಗಾಡಿನ 'ನೈವ್' ಚಿತ್ರಕಾರರ ಬಣ್ಣಗಳನ್ನು ಪಿಂಟರ್ ಅಲ್ಲಿ ತೆರೆಗೆ ತಂದಿದ್ದಾರೆ. ಅಲಂಕಾರಕ್ಕಲ್ಲ, ಆ ಊರು ತನ್ನನ್ನು ತಾನು ನೋಡಿಕೊಳ್ಳುವುದೇ ಹಾಗೆ ಎಂಬಂತೆ.

ಅದೇ ವರ್ಷ, ಅದೇ ಕೈ, ನಿರ್ದೇಶಕ ಅಲೆಕ್ಸಾಂದರ್ ಪೆತ್ರೊವಿಚ್ ಅವರಿಗಾಗಿ 'ಸ್ಕುಪ್ಲ್ಯಾಚಿ ಪೆರ್ಯಾ' ಚಿತ್ರಿಸಿತು: ಹೆಬ್ಬಾತಿನ ಗರಿ ಮಾರುವ ರೋಮಾ (ಜಿಪ್ಸಿ) ಜನರ ಕಥೆ. ಇಲ್ಲಿ ಚಂದದ ಚೌಕಟ್ಟಿಲ್ಲ. ಸರ್ಬಿಯಾದ ವೊಯ್ವೊದಿನಾ ಬಯಲಿನ ಕೆಸರೇ ಕೆಸರು. ಫ್ರಾನ್ಸಿನ ಕಾನ್ ಚಿತ್ರೋತ್ಸವದಲ್ಲಿ ತೀರ್ಪುಗಾರರ ವಿಶೇಷ ಬಹುಮಾನ ಬಂತು. ನನ್ನಂಥವನಾಗಿದ್ದರೆ ಒಂದು ಚಿತ್ರದ ಬಣ್ಣವನ್ನೇ ಇನ್ನೊಂದಕ್ಕೂ ಬಳಿದುಬಿಡುತ್ತಿದ್ದೆ.

ಓಡುವ ಲಾರಿಯಿಂದ ಗರಿಗಳು ರಸ್ತೆಯ ತುಂಬ ಹಾರುವಲ್ಲಿ ಚಿತ್ರ ನಿಲ್ಲಿಸಿ ಮಗಳನ್ನು ಕರೆದೆ. "ಇದು ಬಿಳಿ ತಾನೆ?"

"ಸ್ವಲ್ಪ ಕೊಳೆಯಾಗಿದೆ ಅಪ್ಪ" ಎಂದಳು. ಹೌದು, ನನಗೂ ಹಾಗೆಯೇ ಕಂಡಿತ್ತು.

ಆಲ್ಬಮ್ಮಿನ ಹುಡುಗಿ ಇದನ್ನು ಓದುತ್ತಿದ್ದರೆ ಒಂದು ಮಾತು: ನಿನ್ನ ಚಿತ್ರಗಳನ್ನು ಮತ್ತೆ ಮುದ್ರಿಸುತ್ತಿದ್ದೇನೆ. ಆ ಸೀರೆಯ ರವಿಕೆ ಹೊಲಿದು ಉಳಿದ ತುಂಡು ಇದ್ದರೆ ಕಳುಹಿಸಮ್ಮ, ಪಕ್ಕದಲ್ಲಿಟ್ಟುಕೊಂಡು ಕೆಂಪು ಹೊಂದಿಸುತ್ತೇನೆ.