ಆದೇಶದ ದರ ನಮ್ಮ ಮೊಬೈಲಿಗೂ ಬರಲಿ: ಸಾರಿಗೆ ಸಚಿವರಿಗೆ ಟ್ಯಾಕ್ಸಿ ಚಾಲಕನ ಪತ್ರ

ಮಾನ್ಯ ಸಾರಿಗೆ ಸಚಿವರಿಗೆ ನಮಸ್ಕಾರ.

ನಾನು ಹನ್ನೊಂದು ವರ್ಷದಿಂದ ಬೆಂಗಳೂರಿನಲ್ಲಿ ಟ್ಯಾಕ್ಸಿ ಓಡಿಸುತ್ತಿದ್ದೇನೆ. ಹಳದಿ ಬೋರ್ಡಿನ ಸಣ್ಣ ಕಾರು. ಕಂತು ಮುಗಿಯಲು ಇನ್ನೂ ಎರಡು ವರ್ಷ ಇದೆ.

2024ರ ಜನವರಿಯಲ್ಲಿ ಸರ್ಕಾರ ಟ್ಯಾಕ್ಸಿಗಳಿಗೆಲ್ಲ ಏಕರೂಪ ದರ ಅಂತ ಆದೇಶ ಹೊರಡಿಸಿತು. 10 ಲಕ್ಷ ರೂಪಾಯಿವರೆಗಿನ ಕಾರಿಗೆ ಮೊದಲ 4 ಕಿಲೋಮೀಟರ್‌ಗೆ 100 ರೂಪಾಯಿ, ಆಮೇಲೆ ಕಿಲೋಮೀಟರ್‌ಗೆ 24. ಓಲಾ, ಊಬರ್ ತರದ ಆ್ಯಪ್‌ನವರಿಗೂ ಇದೇ ದರ. ಅವತ್ತು ಸ್ಟ್ಯಾಂಡಿನಲ್ಲಿ ನಾವೆಲ್ಲ ಎಷ್ಟು ಖುಷಿಪಟ್ಟಿದ್ದೆವು ಗೊತ್ತಾ ಸರ್! ಆದೇಶದ ಪ್ರಿಂಟ್ ತೆಗೆಸಿ ಕಾರಿನಲ್ಲೇ ಇಟ್ಟುಕೊಂಡಿದ್ದೇನೆ.

ಮೊನ್ನೆಯ ಒಂದು ಟ್ರಿಪ್ ಹೇಳುತ್ತೇನೆ. ಬೆಳಿಗ್ಗೆ ಎಂಟಕ್ಕೆ ಬನಶಂಕರಿಯಲ್ಲಿ ಆ್ಯಪ್‌ನಿಂದ ಡ್ಯೂಟಿ ಬಿತ್ತು. ಕಸ್ಟಮರ್ ಇದ್ದಲ್ಲಿಗೆ 3 ಕಿಲೋಮೀಟರ್ ಖಾಲಿ ಹೋದೆ. ಅಲ್ಲಿಂದ ಸಿಲ್ಕ್ ಬೋರ್ಡ್ ದಾಟಿ ಎಲೆಕ್ಟ್ರಾನಿಕ್ ಸಿಟಿಗೆ 16 ಕಿಲೋಮೀಟರ್. ಒಂದೂವರೆ ಗಂಟೆ ಕ್ಲಚ್ ತುಳಿದು ತುಳಿದು ಕಾಲು ಮರಗಟ್ಟಿತ್ತು. ಆದೇಶದ ಪ್ರಕಾರ 388 ರೂಪಾಯಿ ಆಗಬೇಕು. ನನಗೆ ಸಿಕ್ಕಿದ್ದು 270. ಖಾಲಿ ಹೋಗಿದ್ದಕ್ಕೆ ಏನೂ ಇಲ್ಲ.

ಕಸ್ಟಮರ್ ಒಬ್ಬ ತಾಯಿ, ಎಸಿ ಹಾಕಿ ಅಂದರು. ಪಕ್ಕದಲ್ಲಿ ಮಗು ಇತ್ತು, ಹಾಕಿದೆ. ಎಷ್ಟೋ ಸಲ ಹಾಕಲ್ಲ ಅಂತ ಜಗಳ ಆಗಿದೆ. ಫೋನ್ ಮಾಡಿ "ಡ್ರಾಪ್ ಎಲ್ಲಿ, ಕ್ಯಾಶಾ ಆನ್‌ಲೈನಾ" ಅಂತ ಕೇಳಿದರೆ ಜನ ಬೈಯುತ್ತಾರೆ. ಅವರ ಸಿಟ್ಟು ನನಗೆ ಅರ್ಥ ಆಗುತ್ತದೆ. ಆದರೆ ಸಂಜೆ ಗ್ಯಾಸ್ ಹಾಕಿಸಲು ಕೈಯಲ್ಲಿ ಕಾಸು ಬೇಕಲ್ವಾ? ಅವರು ಜಾಸ್ತಿ ಕೊಟ್ಟೆ ಅಂತಾರೆ, ನಾನು ಕಮ್ಮಿ ಸಿಕ್ಕಿತು ಅಂತೀನಿ. ಇಬ್ಬರೂ ಸುಳ್ಳು ಹೇಳುತ್ತಿಲ್ಲ ಸರ್. ನಡುವೆ ಆ್ಯಪ್‌ನವರಿಗೆ ಎಷ್ಟು ಹೋಯಿತು ಅನ್ನೋದು ಇಬ್ಬರಿಗೂ ಕಾಣಲ್ಲ.

ಎಫ್‌ಸಿ (ಗಾಡಿಯ ಫಿಟ್‌ನೆಸ್ ಸರ್ಟಿಫಿಕೇಟ್), ಪರ್ಮಿಟ್, ಇನ್ಶೂರೆನ್ಸ್, ಚಾಲಕನ ಬ್ಯಾಡ್ಜ್, ಒಂದು ತಪ್ಪಿದರೂ ನಮಗೆ ರಸ್ತೆಯಲ್ಲೇ ದಂಡ. ಹಾಕಲಿ, ಬೇಡ ಅನ್ನಲ್ಲ. ಅದೇ ಕಣ್ಣಿನಿಂದ ದರವನ್ನೂ ನೋಡಿ ಅಂತ ಕೇಳುತ್ತಿದ್ದೇನೆ. ಟ್ರಿಪ್ ಮುಗಿದಾಗ ಕಸ್ಟಮರ್ ಕೊಟ್ಟಿದ್ದೆಷ್ಟು, ಚಾಲಕನಿಗೆ ಬಂದಿದ್ದೆಷ್ಟು, ಎರಡೂ ಇಬ್ಬರ ಮೊಬೈಲಿನಲ್ಲೂ ಕಾಣುವಂತೆ ಮಾಡಿಸಿ. ದರ ಕಮ್ಮಿ ಬಂದರೆ ಸ್ಕ್ರೀನ್‌ಶಾಟ್ ಕಳಿಸಲು ಒಂದು ನಂಬರ್ ಕೊಡಿ. ಮೊನ್ನೆಯ ಟ್ರಿಪ್ಪಿನದು ನನ್ನ ಹತ್ತಿರ ಇದೆ. ಮೊದಲು ಅದನ್ನೇ ಕಳಿಸುತ್ತೇನೆ.

ಇಂತಿ,
ಬೆಂಗಳೂರಿನ ಒಬ್ಬ ಟ್ಯಾಕ್ಸಿ ಚಾಲಕ