ಮ್ಯಾಕ್‌ಫರ್ಸನ್ ಓದು ಎಲ್ಲಿಂದ ಶುರು?

ಮಾನ್ಯರೇ,

ಒಕ್ಕೂಟದಿಂದ ಬೇರೆಯಾದ ದಕ್ಷಿಣದ ಗುಲಾಮ ರಾಜ್ಯಗಳಿಗೂ ಒಕ್ಕೂಟಕ್ಕೂ ನಡೆದ ಅಮೆರಿಕದ ಅಂತರ್ಯುದ್ಧ ತಿಳಿಯಹೊರಟವರು ಇತಿಹಾಸಕಾರ ಜೇಮ್ಸ್ ಮ್ಯಾಕ್‌ಫರ್ಸನ್ ಅವರ ‘ಬ್ಯಾಟಲ್ ಕ್ರೈ ಆಫ್ ಫ್ರೀಡಂ’ (1988) ಹಿಡಿದು ಅರ್ಧಕ್ಕೇ ಬಿಡುವುದುಂಟು. 1861ರ ಏಪ್ರಿಲ್‌ನಲ್ಲಿ ಫೋರ್ಟ್ ಸಮ್ಟರ್ ಕೋಟೆಯ ಮೇಲೆ ಫಿರಂಗಿ ಹಾರಿ ಯುದ್ಧ ಶುರುವಾಗುವ ಹೊತ್ತಿಗೆ 250ಕ್ಕೂ ಹೆಚ್ಚು ಪುಟ ಮುಗಿದಿರುತ್ತವೆ! ಆದರೆ ಆ ಪುಟಗಳನ್ನು ಬಿಟ್ಟು ಓದಿದರೆ ಕೆಟ್ಟಿತು. ಮೆಕ್ಸಿಕೊದಿಂದ ಗೆದ್ದ ನೆಲದಲ್ಲಿ ಗುಲಾಮಗಿರಿ ಇರಬೇಕೇ ಎಂಬ ಜಗಳ, ಗುಲಾಮಗಿರಿ ಇರಬೇಕೇ ಎಂಬ ತೀರ್ಮಾನವನ್ನು ಆ ಪ್ರದೇಶಗಳ ನೆಲಸಿಗರಿಗೇ ಬಿಟ್ಟ 1854ರ ಕಾನ್ಸಾಸ್–ನೆಬ್ರಾಸ್ಕ ಕಾಯ್ದೆ ಎಲ್ಲವೂ ಇರುವುದು ಅಲ್ಲೇ. ಬಿಟ್ಟವರಿಗೆ ಯುದ್ಧವು ಬರೀ ‘ರಾಜ್ಯಗಳ ಹಕ್ಕಿ’ನ ತಕರಾರಾಗಿ ಕಾಣುತ್ತದೆ.

ಹೊಸಬರಿಗೆ ‘ಟ್ರೈಡ್ ಬೈ ವಾರ್’ (2008) ಸಲೀಸು. ಯುದ್ಧದ ಅನುಭವ ಇಲ್ಲವೆನ್ನುವಷ್ಟೇ ಇದ್ದ ಅಧ್ಯಕ್ಷ ಲಿಂಕನ್, 1862ರ ನವೆಂಬರ್‌ನಲ್ಲಿ ಸೇನಾನಿ ಮೆಕ್‌ಕ್ಲೆಲನ್‌ನನ್ನು ಕಿತ್ತುಹಾಕಿ, 1864ರಲ್ಲಿ ಜನರಲ್ ಗ್ರಾಂಟ್‌ಗೆ ಸೇನೆಗಳನ್ನು ಒಪ್ಪಿಸುವವರೆಗೆ ಕಲಿತದ್ದೇನು ಎಂಬುದು ಅದರಲ್ಲಿದೆ.

1,076 ಸೈನಿಕರ ಪತ್ರ, ದಿನಚರಿ ಆಧರಿಸಿದ ‘ಫಾರ್ ಕಾಸ್ ಆ್ಯಂಡ್ ಕಾಮ್ರೇಡ್ಸ್’ (1997) ಓದುವಾಗ ಒಂದು ಎಚ್ಚರ ಬೇಕು: ಅಕ್ಷರ ಬಲ್ಲವರು, ಅಧಿಕಾರಿಗಳ ದನಿಯೇ ಅಲ್ಲಿ ಹೆಚ್ಚು.

ಕಡೆಗಣಿಸಬಾರದ ಕೃತಿ ‘ದಿ ಸ್ಟ್ರಗಲ್ ಫಾರ್ ಈಕ್ವಾಲಿಟಿ’ (1964). ಗುಲಾಮರನ್ನು ಬಿಡುಗಡೆ ಮಾಡಿದ ಲಿಂಕನ್‌ನ 1863ರ ವಿಮೋಚನಾ ಘೋಷಣೆ ಒಕ್ಕೂಟದಲ್ಲೇ ಉಳಿದ ಗುಲಾಮ ರಾಜ್ಯಗಳಿಗೆ ಅನ್ವಯಿಸಲಿಲ್ಲ; ದೇಶದೆಲ್ಲೆಡೆ ಗುಲಾಮಗಿರಿ ಕೊನೆಗಾಣಲು ಸಂವಿಧಾನದ 1865ರ 13ನೇ ತಿದ್ದುಪಡಿಯೇ ಬೇಕಾಯಿತು. ಗುಲಾಮಗಿರಿ ವಿರೋಧಿಗಳು ಅಷ್ಟಕ್ಕೂ ಸುಮ್ಮನಾಗದೆ ಶಾಲೆ, ಮತದಾನಕ್ಕಾಗಿ ಬಡಿದಾಡಿದ್ದನ್ನು ಈ ಪುಸ್ತಕ ಹೇಳುತ್ತದೆ.

– ಇತಿಹಾಸ ಅಧ್ಯಾಪಕರು, ಧಾರವಾಡ